ಅಧಿಕಾರಿಗಳ ಬಗ್ಗೆ ವರದಿ ಬರೆಯುವವರಿಗೆ ಮಾನಹಾನಿ ಕಾನೂನಿನ ಕೈಪಿಡಿ

ಸರ್ಕಾರಿ ಹುದ್ದೆಯಲ್ಲಿರುವವರ ನಡೆಯನ್ನು ಪ್ರಶ್ನಿಸುವ ವರದಿಗೆ ನಮ್ಮ ಕಾನೂನು ರಕ್ಷಣೆ ಕೊಡುತ್ತದೆ. ಆದರೆ ಪ್ರಕಟಣೆಗೆ ಮುನ್ನ ಏನೇನು ಪರಿಶೀಲಿಸಿದ್ದೆವು ಎಂಬುದನ್ನು ತೋರಿಸಬಲ್ಲವರಿಗೆ ಮಾತ್ರ ಆ ರಕ್ಷಣೆ ಒದಗುತ್ತದೆ. 1994ರ ರಾಜಗೋಪಾಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟಪಡಿಸಿತು. ಕರ್ತವ್ಯಕ್ಕೆ ಸಂಬಂಧಿಸಿದ ನಡವಳಿಕೆಯ ಬಗ್ಗೆ ಬರೆದದ್ದು ತಪ್ಪಾಗಿದ್ದರೂ, ನಿಜವೋ ಸುಳ್ಳೋ ಎಂಬುದನ್ನು ಲೆಕ್ಕಿಸದೆ ಪ್ರಕಟಿಸಲಾಯಿತೆಂದು ಸಾಬೀತಾಗದ ಹೊರತು ಅಧಿಕಾರಿಗೆ ಪರಿಹಾರ ಸಿಗದು. ತಕ್ಕಷ್ಟು ಪರಿಶೀಲಿಸಿಯೇ ಬರೆದೆನೆಂದು ಪತ್ರಕರ್ತ ತೋರಿಸಿದರೆ ಸಾಕು. ಅಮೆರಿಕದ ಸುಪ್ರೀಂ ಕೋರ್ಟ್ 1964ರಲ್ಲಿ ಸಲಿವನ್ ಪ್ರಕರಣದಲ್ಲಿ ಕೊಟ್ಟ ತೀರ್ಪು ಈ ವಿಚಾರದ ಹಿಂದಿದೆ. ಅಲ್ಲಿ ಸಲಿವನ್ ಎಂಬ ನಗರಾಡಳಿತದ ಅಧಿಕಾರಿ ‘ನ್ಯೂಯಾರ್ಕ್ ಟೈಮ್ಸ್’ ಪತ್ರಿಕೆಯ ಮೇಲೆ ದಾವೆ ಹೂಡಿದ್ದರು; ಅದು ಪ್ರಕಟಿಸಿದ ಜಾಹೀರಾತೊಂದರಲ್ಲಿ ಮಾರ್ಟಿನ್ ಲೂಥರ್ ಕಿಂಗ್ ಅವರ ಬಂಧನ ನಾಲ್ಕು ಬಾರಿ ಆಗಿದ್ದನ್ನು ಏಳು ಬಾರಿ ಎಂದು ಬರೆದಂತಹ ತಪ್ಪುಗಳಿದ್ದವು. ಕೆಳ ನ್ಯಾಯಾಲಯದ ಜ್ಯೂರಿ ಪತ್ರಿಕೆಗೆ ವಿಧಿಸಿದ್ದ 5 ಲಕ್ಷ ಡಾಲರ್ ಪರಿಹಾರವನ್ನು ನ್ಯಾಯಾಲಯ ರದ್ದುಪಡಿಸಿತು.

ಇದು ಸಿವಿಲ್ ದಾವೆಯ ಮಾತು. ನಮ್ಮಲ್ಲಿ ಮಾನಹಾನಿ ಅಪರಾಧವೂ ಹೌದು. 2016ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿದಿದೆ. ಹಿಂದೆ ದಂಡ ಸಂಹಿತೆಯ 499 ಮತ್ತು 500ನೇ ಕಲಂಗಳಲ್ಲಿದ್ದ ವಿಷಯ ಈಗ ಭಾರತೀಯ ನ್ಯಾಯ ಸಂಹಿತೆಯ 356ನೇ ಕಲಂನಲ್ಲಿದ್ದು, ಎರಡು ವರ್ಷದವರೆಗೆ ಸಾದಾ ಸೆರೆವಾಸ ವಿಧಿಸಬಹುದು. ಇಲ್ಲಿ ಬರೆದದ್ದು ನಿಜವೆಂದು ತೋರಿಸಿದರಷ್ಟೇ ಸಾಲದು, ಅದನ್ನು ಪ್ರಕಟಿಸಿದ್ದು ಸಾರ್ವಜನಿಕ ಹಿತಕ್ಕಾಗಿ ಎಂಬುದನ್ನೂ ತೋರಿಸಬೇಕು. ಆದ್ದರಿಂದ ಅಧಿಕಾರಿಯ ಕುಟುಂಬದ ವಿಚಾರ ಕಚೇರಿಯ ಕೆಲಸಕ್ಕೆ ಸಂಬಂಧಪಡದಿದ್ದರೆ ಅದನ್ನು ಬಿಟ್ಟುಬಿಡಿ.

ಇನ್ನು ಬರವಣಿಗೆ. ‘ಎನ್ನಲಾಗಿದೆ’, ‘ಮೂಲಗಳು ತಿಳಿಸಿವೆ’ ಎಂದು ಸೇರಿಸಿದರೆ ಹೊಣೆ ಕಳಚಿತೆಂದು ಅನೇಕರು ನಂಬಿದ್ದಾರೆ. ಇದು ದೊಡ್ಡ ತಪ್ಪು. ಬೇರೆಯವರು ಮಾಡಿದ ಆರೋಪವನ್ನು ಮತ್ತೆ ಮುದ್ರಿಸಿದವರೂ ಅದಕ್ಕೆ ಹೊಣೆಗಾರರೇ, ಶೀರ್ಷಿಕೆಯ ಕೊನೆಗೆ ಹಾಕಿದ ಪ್ರಶ್ನಾರ್ಥಕ ಚಿಹ್ನೆಯೂ ಕಾಪಾಡುವುದಿಲ್ಲ. ‘ರಸ್ತೆ ಹಣ ನುಂಗಿದ ಎಂಜಿನಿಯರ್’ ಎಂದು ಬರೆದರೆ ಹಣ ಅವರ ಜೇಬಿಗೆ ಹೋಯಿತೆಂಬುದನ್ನೇ ನೀವು ಸಾಬೀತುಪಡಿಸಬೇಕಾಗುತ್ತದೆ. ‘ಕಾಮಗಾರಿ ಮುಗಿಯುವ ಮೊದಲೇ ಪೂರ್ತಿ ಬಿಲ್ ಪಾವತಿಯಾಗಿದೆ, ಮಂಜೂರಾತಿಗೆ ಸಹಿ ಹಾಕಿದವರು ಕಾರ್ಯಪಾಲಕ ಎಂಜಿನಿಯರ್’ ಎಂದು ಬರೆದರೆ ಬಿಲ್ಲಿನ ಪ್ರತಿ, ಅಳತೆ ಪುಸ್ತಕದ ಪುಟ ಮತ್ತು ದಿನಾಂಕ ತೋರುವ ಸ್ಥಳದ ಫೋಟೊ ಇದ್ದರೆ ಆಯಿತು. ಎರಡನೆಯದೇ ಓದುಗರಿಗೆ ಹೆಚ್ಚು ತಿಳಿಸುತ್ತದೆ ಎಂದು ನನಗೆ ದೃಢವಾಗಿ ಅನಿಸುತ್ತದೆ, ಏಕೆಂದರೆ ತಪ್ಪು ಎಲ್ಲಿ ನಡೆಯಿತೆಂಬುದು ಅದರಲ್ಲಿ ಕಾಣುತ್ತದೆ. ನಿಮ್ಮ ಅಭಿಪ್ರಾಯ ಹೇಳುವುದಿದ್ದರೆ ಮೊದಲು ಸಂಗತಿಯನ್ನು ಮುಂದಿಟ್ಟು, ಆಮೇಲೆ ಅದನ್ನು ಅಭಿಪ್ರಾಯವೆಂದೇ ಬರೆಯಿರಿ. ಸಾರ್ವಜನಿಕ ಕರ್ತವ್ಯದಲ್ಲಿ ಅಧಿಕಾರಿ ನಡೆದುಕೊಂಡ ಬಗೆಗೆ ಸದ್ಭಾವನೆಯಿಂದ ವ್ಯಕ್ತಪಡಿಸಿದ ಅಭಿಪ್ರಾಯಕ್ಕೆ ಕಲಂನಲ್ಲೇ ವಿನಾಯಿತಿಯಿದೆ. ನ್ಯಾಯಾಲಯದ ಕಲಾಪದ ನಿಷ್ಠ ವರದಿಗೂ ಇದೆ.

ಪ್ರಕಟಣೆಗೆ ಮುನ್ನ ಅಧಿಕಾರಿಯ ಪ್ರತಿಕ್ರಿಯೆ ಕೇಳಲೇಬೇಕು. ಸಂಜೆ ಪುಟ ಕಟ್ಟುವ ಹೊತ್ತಿಗೆ ಒಂದು ಸಲ ಕರೆ ಮಾಡಿ ‘ಸಂಪರ್ಕಕ್ಕೆ ಸಿಗಲಿಲ್ಲ’ ಎಂದು ಬರೆದರೆ ನ್ಯಾಯಾಧೀಶರಿಗೆ ಅದರಲ್ಲಿ ಪ್ರಾಮಾಣಿಕತೆ ಕಾಣದು. ಆರೋಪದ ಪ್ರತಿ ಅಂಶವನ್ನೂ ಪ್ರಶ್ನೆಯಾಗಿಸಿ ಬರವಣಿಗೆಯಲ್ಲಿ ಕಳುಹಿಸಿ, ಉತ್ತರಕ್ಕೆ ನ್ಯಾಯವಾದ ಅವಧಿ ಕೊಡಿ, ಕಳುಹಿಸಿದ ಸಮಯವನ್ನು ಗುರುತು ಹಾಕಿಕೊಳ್ಳಿ. ಬಂದ ಉತ್ತರದ ಸಾರವನ್ನು ಕೊನೆಯ ಪ್ಯಾರಾಕ್ಕೆ ತಳ್ಳದೆ ಆರೋಪದ ಪಕ್ಕದಲ್ಲೇ ಕೊಡಿ.

ವಕೀಲರ ನೋಟಿಸ್ ಬಂದರೆ ಅಧಿಕಾರಿಗೆ ನೀವೇ ಫೋನ್ ಮಾಡಿ ಸಮಜಾಯಿಷಿ ಕೊಡಬೇಡಿ, ಸಂಪಾದಕರಿಗೂ ಪತ್ರಿಕೆಯ ವಕೀಲರಿಗೂ ಅದೇ ದಿನ ತಿಳಿಸಿ. ತಪ್ಪಾಗಿದ್ದರೆ ತಿದ್ದುಪಡಿಯನ್ನು ವರದಿ ಬಂದಷ್ಟೇ ಎದ್ದುಕಾಣುವ ಜಾಗದಲ್ಲಿ ಹಾಕಿ. ಸಿವಿಲ್ ದಾವೆಗೆ ಪ್ರಕಟಣೆಯಿಂದ ಒಂದು ವರ್ಷದ ಕಾಲಮಿತಿಯಿದ್ದರೂ ಕ್ರಿಮಿನಲ್ ದೂರಿಗೆ ಮೂರು ವರ್ಷದ ಅವಕಾಶವಿರುವುದರಿಂದ, ನೋಟ್‌ಬುಕ್, ಧ್ವನಿಮುದ್ರಣ ಮತ್ತು ದಾಖಲೆಗಳ ಪ್ರತಿಗಳನ್ನು ಕನಿಷ್ಠ ಅಷ್ಟು ಕಾಲ ಜೋಪಾನವಾಗಿಡಿ.