ಒಳ್ಳೆಯವನಾಗಲು ನಾನು ಮೊದಲು ಬಿಟ್ಟಿದ್ದು ಅವಸರ

ಯಾರಿಗೂ ಕೆಟ್ಟದ್ದು ಮಾಡಿಲ್ಲ, ಹಾಗಾಗಿ ನಾನು ಒಳ್ಳೆಯವನೇ ಅಂತ ತುಂಬಾ ವರ್ಷ ನಂಬಿದ್ದೆ. ಆ ನಂಬಿಕೆ ಮುರಿದಿದ್ದು ಒಂದು ಮೀಟಿಂಗಿನಲ್ಲಿ.

ಲೆಕ್ಕದ ಶೀಟಿನಲ್ಲಿ ಒಂದು ಸಾಲು ತಪ್ಪಾಗಿತ್ತು. ತಪ್ಪು ನನ್ನದೇ, ಹಿಂದಿನ ತಿಂಗಳ ಅಂಕಿಯನ್ನು ಬದಲಾಯಿಸದೆ ಹಾಗೇ ಬಿಟ್ಟಿದ್ದೆ. ಆದರೆ ಶೀಟ್ ಕಳಿಸಿದ್ದು ಹೊಸದಾಗಿ ಸೇರಿದ್ದ ಹುಡುಗಿ, ಮ್ಯಾನೇಜರ್ ಕೇಳಿದ್ದೂ ಅವಳನ್ನೇ. ಪೆನ್ನಿನ ಮುಚ್ಚಳ ತೆಗೆಯುತ್ತಾ ಹಾಕುತ್ತಾ, "ಸಾರಿ ಸರ್, ಇನ್ನೊಮ್ಮೆ ನೋಡ್ತೀನಿ" ಅಂದಳು. ನಾನು ತಲೆ ತಗ್ಗಿಸಿ ಫೋನ್ ನೋಡುತ್ತಾ ಕೂತಿದ್ದೆ. ಸುಳ್ಳು ಹೇಳಲಿಲ್ಲ, ಯಾರ ಮೇಲೂ ಹೊರಿಸಲಿಲ್ಲ. ಸುಮ್ನೆ ಇದ್ದೆ, ಅಷ್ಟೇ.

ರಾತ್ರಿ ನಿದ್ದೆ ಹತ್ತಲಿಲ್ಲ. ಯಾಕೆ ಬಾಯಿ ಬಿಡಲಿಲ್ಲ? ಭಯ ಸ್ವಲ್ಪ ಇತ್ತು ನಿಜ. ಅದಕ್ಕಿಂತ ಜಾಸ್ತಿ, ಹತ್ತು ನಿಮಿಷದಲ್ಲಿ ನನಗೆ ಇನ್ನೊಂದು ಕೆಲಸ ಇತ್ತು, ಮಾತು ಬೇಗ ಮುಗಿದರೆ ಸಾಕು ಅನಿಸಿತ್ತು.

ಇದು ನನ್ನೊಬ್ಬನ ಕಥೆಯಲ್ಲ ಅಂತ ಆಮೇಲೆ ತಿಳಿಯಿತು. ಮನಃಶಾಸ್ತ್ರಜ್ಞರಾದ ಜಾನ್ ಡಾರ್ಲಿ ಮತ್ತು ಡೇನಿಯಲ್ ಬ್ಯಾಟ್ಸನ್ 1973ರಲ್ಲಿ ಪ್ರಕಟಿಸಿದ ಒಂದು ಪ್ರಯೋಗ ಇದೆ. ಅಮೆರಿಕದ ಪ್ರಿನ್ಸ್‌ಟನ್‌ನಲ್ಲಿ ಪಾದ್ರಿಗಳಾಗಲು ಓದುತ್ತಿದ್ದ 40 ವಿದ್ಯಾರ್ಥಿಗಳನ್ನು ಭಾಷಣ ಮಾಡಲು ಪಕ್ಕದ ಕಟ್ಟಡಕ್ಕೆ ಕಳಿಸಿದರು. ದಾರಿಯಲ್ಲಿ ಒಬ್ಬ ಕುಸಿದು ಕೂತು ಕೆಮ್ಮುತ್ತಿದ್ದ. ಸಮಯ ಇದೆ ಅಂತ ಹೇಳಿಸಿಕೊಂಡವರಲ್ಲಿ 63% ಜನ ನೆರವಿಗೆ ಬಂದರು, ತಡವಾಗಿದೆ ಅಂತ ಹೇಳಿಸಿಕೊಂಡವರಲ್ಲಿ 10% ಮಾತ್ರ. ಅರ್ಧದಷ್ಟು ಮಂದಿ ಹೇಳಬೇಕಿದ್ದ ಭಾಷಣ ಯಾವುದರ ಬಗ್ಗೆ ಗೊತ್ತಾ? ದಾರಿಯಲ್ಲಿ ಬಿದ್ದವನಿಗೆ ನೆರವಾದ ಬೈಬಲ್ಲಿನ ಒಳ್ಳೆಯ ಸಮಾರ್ಯದವನ ಬಗ್ಗೆ! ಅದರಿಂದ ವ್ಯತ್ಯಾಸ ಆಯಿತು ಅಂತ ಖಚಿತವಾಗಿ ಹೇಳಲು ಸಂಶೋಧಕರಿಗೆ ಆಗಲಿಲ್ಲ.

ಮರುದಿನ ಬೆಳಿಗ್ಗೆ ಅವಳನ್ನೂ ಕರೆದುಕೊಂಡೇ ಮ್ಯಾನೇಜರ್ ಹತ್ತಿರ ಹೋಗಿ, "ಆ ತಪ್ಪು ನನ್ನದು, ನಿನ್ನೆಯೇ ಹೇಳಬೇಕಿತ್ತು" ಅಂದೆ. ಅವರು ಸರಿ ಅಂದು ಮುಂದಿನ ಕೆಲಸ ಹೇಳಿದರು. ಹೊರಗೆ ಬಂದ ಮೇಲೆ ಅವಳು ಮೆಲ್ಲಗೆ, "ನನಗೆ ನಿನ್ನೆಯೇ ಗೊತ್ತಿತ್ತು ಸರ್" ಅಂದಳು. ಬೈದಿದ್ದರೆ ಇಷ್ಟು ನೋಯುತ್ತಿರಲಿಲ್ಲ.

ಅಲ್ಲಿಂದ ನಾನು ರೂಢಿ ಮಾಡಿಕೊಂಡಿದ್ದು ದೊಡ್ಡದೇನಲ್ಲ. ಎರಡು ಕೆಲಸಗಳ ಮಧ್ಯೆ 15 ನಿಮಿಷ ಖಾಲಿ ಬಿಡುತ್ತೇನೆ, ಯಾರಾದರೂ ತಡೆದು ನಿಲ್ಲಿಸಿದರೆ ನಿಲ್ಲಲು ಆಗಬೇಕಲ್ವಾ. ತಪ್ಪಾದರೆ ಅದೇ ದಿನ ಹೇಳುತ್ತೇನೆ, 'ತಪ್ಪು ನನ್ನದು' ಆದ ಮೇಲೆ 'ಆದರೆ' ಸೇರಿಸುವುದಿಲ್ಲ. ಈ 'ಆದರೆ' ಬಿಡುವುದೇ ಎಲ್ಲಕ್ಕಿಂತ ಕಷ್ಟ, ನಾಲಿಗೆ ತುದಿಗೆ ಬಂದು ಕೂತಿರುತ್ತದೆ. ತಂತಿವಾದ್ಯ ನುಡಿಸಿ ನುಡಿಸಿಯೇ ವಾದಕನಾಗುವ ಹಾಗೆ ನ್ಯಾಯದ ಕೆಲಸ ಮಾಡಿ ಮಾಡಿಯೇ ನ್ಯಾಯವಂತನಾಗುವುದು ಅಂತ ಅರಿಸ್ಟಾಟಲ್ ಹೇಳಿದ್ದು ಈಗ ನನಗೆ ಅರ್ಥವಾಗುತ್ತದೆ. ಮೊದಲ ಸಲ ಕೈ ನಡುಗಿತ್ತು, ಹತ್ತನೇ ಸಲ ನಡುಗಲಿಲ್ಲ.

ಒಂದು ಮಾತ್ರ ಇನ್ನೂ ಕೈಗೆ ಸಿಕ್ಕಿಲ್ಲ. ಹೊರಗೆ ಏನಾದರೂ ಒಳ್ಳೆಯದು ಮಾಡಿ ಬಂದ ದಿನವೇ ಮನೆಯವರ ಮೇಲೆ ಜಾಸ್ತಿ ಸಿಡುಕುತ್ತೇನೆ, ಇವತ್ತಿನ ಪಾಲು ಮುಗಿಯಿತು ಅನ್ನೋ ಥರ. ಈಗ ಬಾಗಿಲ ಹೊರಗೆ ಚಪ್ಪಲಿ ಬಿಟ್ಟು ಒಂದು ನಿಮಿಷ ಅಲ್ಲೇ ನಿಂತು, ಆಮೇಲೆ ಒಳಗೆ ಹೋಗುತ್ತಿದ್ದೇನೆ. ಶುರು ಮಾಡಿ ಮೂರು ವಾರ ಆಯಿತು.