ಇಬ್ಬರದೂ ಹರಕು ಮರಾಠಿ

ಸೊಲ್ಲಾಪುರಕ್ಕೆ ಬಂದ ಮೊದಲ ನಾಲ್ಕು ತಿಂಗಳು ನಾನು ಬಾಯಿ ತುಂಬ ಮಾತಾಡಿದ್ದು ಫೋನಿನಲ್ಲಿ ಮಾತ್ರ. ರೂಮು ಬಾಳಿವೇಸದ ಹತ್ತಿರ. ಕೆಳಗೆ ರಾತ್ರಿ ಹನ್ನೊಂದರವರೆಗೂ ಗದ್ದಲ. ಮರಾಠಿ, ತೆಲುಗು, ಉರ್ದು. ಅಷ್ಟು ಜನರಲ್ಲಿ ನನ್ನನ್ನು ಕೂಗಿ ಕರೆಯುವವರು ಒಬ್ಬರೂ ಇಲ್ಲ. ಶನಿವಾರ ಬಂತೆಂದರೆ ಇಂಡಿ ಕಡೆಯ ರೈಲು ಹತ್ತಿ ಊರಿಗೆ ಓಡುತ್ತಿದ್ದೆ. ವಾಪಸ್ ಬಂದಾಗ ಬೇಸರ ಇನ್ನೂ ಜಾಸ್ತಿ.

ತಪ್ಪು ಅಲ್ಲೇ ಇತ್ತು. ರಜೆಯ ದಿನವೇ ಇಲ್ಲಿ ಇರದಿದ್ದರೆ ಪರಿಚಯ ಆಗುವುದಾದರೂ ಯಾವಾಗ, ಅಲ್ವಾ? ತಿಂಗಳಿಗೊಮ್ಮೆ ಮಾತ್ರ ಊರು ಅಂತ ಗಟ್ಟಿ ಮಾಡಿಕೊಂಡೆ. ಖಾನಾವಳಿಯಿಂದ ಪಾರ್ಸಲ್ ತರುವುದನ್ನೂ ಬಿಟ್ಟೆ. ದಿನಾ ಎಂಟೂವರೆಗೆ ಅಲ್ಲೇ ಕೂತು ಊಟ. ಮೊದಲ ವಾರ ಭಾರೀ ಮುಜುಗರ. ಸುಮ್ನೆ ಫೋನ್ ನೋಡುತ್ತಾ ರೊಟ್ಟಿ ಮುರಿಯುತ್ತಿದ್ದೆ.

ಖಾನಾವಳಿಯ ಮಾವಶಿಯ ಜೊತೆ ನನ್ನದು ಎಣಿಸಿ ಆಡುವ ಮಾತು. 'ಚಪಾತಿ ನಕೋ, ಭಾಕರಿ ದ್ಯಾ.' ಅವರದೂ ಅಷ್ಟೇ. ಒಂದು ರಾತ್ರಿ ಅವರ ಮಗನ ಕೈಯಿಂದ ಶೇಂಗಾ ಹಿಂಡಿಯ ಡಬ್ಬಿ ಜಾರಿ ನೆಲದ ತುಂಬ ಚೆಲ್ಲಿತು.

'ಕಣ್ಣ ಎಲ್ಲಿಟ್ಟೀಯೋ ಖೋಡಿ!'

ನನ್ನ ತುತ್ತು ಅರ್ಧಕ್ಕೇ ನಿಂತಿತು. 'ನೀವು ಕನ್ನಡದವರೇನ್ರಿ ಅಕ್ಕಾ?'

'ಮತ್ತ? ನೀ ಯಾವೂರಾಂವೋ ತಮ್ಮಾ?'

ನಾಲ್ಕು ತಿಂಗಳು ಇಬ್ಬರೂ ಹರಕು ಮರಾಠಿಯಲ್ಲಿ ವ್ಯವಹಾರ ಮಾಡಿದ್ದೆವು! 12ನೇ ಶತಮಾನದಲ್ಲಿ ಸಿದ್ಧರಾಮ ಕನ್ನಡದಲ್ಲಿ ವಚನ ಹಾಡಿದ ಊರಿನಲ್ಲಿ ಕನ್ನಡ ಆಡಲು ನಾನು ಅಂಜಿ ಕೂತಿದ್ದೆ.

ಅಂದಿನಿಂದ ಹಾಲಿನವರಿರಲಿ, ಆಟೋದವರಿರಲಿ, ಮೊದಲ ಮಾತು ಕನ್ನಡ. ಕೆಲವರು ಮರಾಠಿಯಲ್ಲೇ ಉತ್ತರಿಸಿದರು. ಚಾದರ ಅಂಗಡಿಯ ಅಜ್ಜ ತೆಲುಗಿನಲ್ಲಿ ಏನೋ ಅಂದು ನಕ್ಕರು. ಇಸ್ತ್ರಿ ಕಾಕಾ ಮಾತ್ರ ಅರ್ಧ ಗಂಟೆ ಬಿಡಲಿಲ್ಲ. ನನ್ನ ಅಂಗಿ ಸ್ವಲ್ಪ ಸುಟ್ಟಿದ್ದೂ ಅವತ್ತೇ, ಇರಲಿ.

ಜನವರಿಯಲ್ಲಿ ಸಿದ್ಧರಾಮನ ಗಡ್ಡಾ ಜಾತ್ರೆ. ಈ ಸಲ ಸಂಕ್ರಾಂತಿಗೆ ಊರಿಗೆ ಹೋಗಲಿಲ್ಲ. 13ಕ್ಕೆ ಏಳು ನಂದಿಕೋಲುಗಳು ಊರ ಸುತ್ತಲಿನ 68 ಲಿಂಗಗಳ ಕಡೆ ಹೊರಟವು. 14ಕ್ಕೆ ಸಮ್ಮತಿ ಕಟ್ಟೆಯ ಹತ್ತಿರ ಸಿದ್ಧರಾಮನ ಮದುವೆಯ ಅಕ್ಷತೆ. ಖಾನಾವಳಿ ಅಕ್ಕನ ಮಗನ ಜೊತೆ ಹೋದವನು ನೂಕುನುಗ್ಗಲಲ್ಲಿ ತಪ್ಪಿಸಿಕೊಂಡೆ. ಕೈಯಲ್ಲಿದ್ದ ಅಕ್ಷತೆಯೂ ಎಲ್ಲೋ ಚೆಲ್ಲಿಹೋಯಿತು.

'ಏ ಇಂಡಿ, ಇಲ್ಲಿ ಬಾರೋ!'

ಇಸ್ತ್ರಿ ಕಾಕಾ. ನನ್ನ ಕೈ ಎಳೆದು ತಮ್ಮ ಮುಷ್ಟಿಯ ಅರ್ಧ ಅಕ್ಷತೆ ಸುರಿದರು. ನನ್ನ ಹೆಸರು ಅವರಿಗೆ ಇನ್ನೂ ಗೊತ್ತಿಲ್ಲ.