ವಡಗಾವಿಯ ಮಗ್ಗದ ಶೆಡ್ಡು, ಹದಿನೈದು ದಿನದ ನೋಟಿಸು

ಬೆಳಗಾವಿಯ ವಡಗಾವಿ, ಖಾಸಬಾಗ, ಶಹಾಪುರದ ಓಣಿಗಳಲ್ಲಿ ಬಾಡಿಗೆ ಶೆಡ್ಡಿನಲ್ಲಿ ಮಗ್ಗ ಹಾಕಿಕೊಂಡು ನೇಯುವವರು ಬಹಳ ಜನ. ನಾವೂ ಅವರಲ್ಲೊಬ್ಬರು. ನಾಲ್ಕು ಪಾವರ್‌ಲೂಮು, ನೋಂದಣಿ ಇಲ್ಲದ 11 ತಿಂಗಳ ಬಾಡಿಗೆ ಬಾಂಡು, ಕಾಗದ ನನ್ನ ಹೆಸರಿನಲ್ಲಿ. ಅವಧಿ ಮುಗಿದು ವರ್ಷಗಳೇ ಕಳೆದಿದ್ದವು. ತಿಂಗಳ ಬಾಡಿಗೆ ತಪ್ಪದೆ ಹೋಗುತ್ತಿತ್ತು, ಹೊಸ ಕಾಗದದ ಮಾತು ಯಾರೂ ಎತ್ತಿರಲಿಲ್ಲ. ಹಿರಿಯ ಮಾಲೀಕರು ತೀರಿಕೊಂಡು ಜಾಗ ಮಗನ ಪಾಲಿಗೆ ಬಂದಮೇಲೆ ವಕೀಲರ ನೋಟಿಸು ಬಂತು: ಹದಿನೈದು ದಿನದಲ್ಲಿ ಶೆಡ್ಡು ಖಾಲಿ ಮಾಡಿ.

ನಮ್ಮ ನೇಕಾರರ ಬಾಯಲ್ಲಿ ಒಂದು ಮಾತಿದೆ. "ಮಗ್ಗ ಅಂದ್ರ ಕಾರ್ಖಾನಿ, ಆರು ತಿಂಗಳ ನೋಟಿಸ್ ಕೊಡಾಕಬೇಕ್ರಿ." ಇದು ಪೂರ್ತಿ ಸುಳ್ಳಲ್ಲ. 1882ರ ಆಸ್ತಿ ವರ್ಗಾವಣೆ ಕಾಯ್ದೆಯ 106ನೇ ಕಲಮು ಸರಕು ತಯಾರಿಸಲು ಕೊಟ್ಟ ಜಾಗಕ್ಕೆ ಆರು ತಿಂಗಳು, ಬೇರೆ ಬಾಡಿಗೆ ಜಾಗಕ್ಕೆ 15 ದಿನ ಎನ್ನುತ್ತದೆ. ಆದರೆ ಆರು ತಿಂಗಳು ಸಿಗುವುದು ಆ ಲೀಸು, ಅಂದರೆ ಬಾಡಿಗೆ ಕರಾರು, ವರ್ಷದಿಂದ ವರ್ಷಕ್ಕೆ ಸಾಗುವಂಥದ್ದಾದರೆ. ಅಂಥ ಲೀಸು 107ನೇ ಕಲಮಿನ ಪ್ರಕಾರ ನೋಂದಣಿ ಆಗಿರಲೇಬೇಕು. ನೋಂದಣಿ ಇಲ್ಲದಿದ್ದರೆ ತಯಾರಿಕೆಯ ಜಾಗವೂ ತಿಂಗಳ ಬಾಡಿಗೆಯೇ, 15 ದಿನ ಸಾಕು ಎಂದು ಸುಪ್ರೀಂ ಕೋರ್ಟ್ 2001ರಲ್ಲಿ ಹೇಳಿದೆ. 1999ರ ಕರ್ನಾಟಕ ಬಾಡಿಗೆ ಕಾಯ್ದೆಯ ರಕ್ಷಣೆಯೂ ನಮಗಿರಲಿಲ್ಲ. ವಾಸಕ್ಕಲ್ಲದ ಜಾಗಗಳ ಪೈಕಿ ಅದರೊಳಗೆ ಬರುವುದು 14 ಚದರ ಮೀಟರಿನೊಳಗಿನ ವ್ಯಾಪಾರದ ಮಳಿಗೆ ಮಾತ್ರ. ನಾಲ್ಕು ಮಗ್ಗ ಅಷ್ಟರಲ್ಲಿ ಹೇಗೆ ಹಿಡಿದಾವು?

ಇದನ್ನೆಲ್ಲ ಬಿಡಿಸಿ ಹೇಳಿದವರು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಿಂದ ಸಿಕ್ಕ ವಕೀಲರು. ಹೆಣ್ಣುಮಕ್ಕಳಿಗೆ ಅಲ್ಲಿ ಆದಾಯದ ಮಿತಿ ಇಲ್ಲ, ವಕೀಲರ ಫೀ ಕೊಡಬೇಕಿಲ್ಲ. "ಈ ಕಾಗದದ ಮ್ಯಾಲ ಜಾಗಾ ಉಳಿಸಿಕೊಡೂದು ಆಗಂಗಿಲ್ಲ ಅಕ್ಕಾರ, ಟೈಮ್ ಕೊಡಸಬಹುದು," ಎಂದರು. ನನಗೆ ಬೇಕಾಗಿದ್ದೂ ಟೈಮೇ. ಬೀಮಿನ (ನೂಲು ಸುತ್ತಿದ ಉರುಳೆಯ) ಮೇಲೆ ಅರ್ಧ ಹಾಸು (ಉದ್ದದ ಎಳೆಗಳು) ಇರುವಾಗ ಮಗ್ಗ ಬಿಚ್ಚಿದರೆ ಎಳೆ ಸಿಕ್ಕಾಗಿ ನೂಲು ಹಾಳು. ಮತ್ತೆ ಕೂತು ಒಂದೊಂದೇ ಎಳೆ ಕೆಚ್ಚಬೇಕು, ಅಂದರೆ ಎಳೆಗೆ ಎಳೆ ಜೋಡಿಸಬೇಕು. ನೆಲಕ್ಕೆ ಬೋಲ್ಟ್ ಹಾಕಿ ನಿಲ್ಲಿಸಿದ ಮಗ್ಗವನ್ನು ಬೇರೆ ಕಡೆ ಒಯ್ದು ಮಟ್ಟ ಮಾಡಿ ನಿಲ್ಲಿಸಬೇಕು, ಹೆಸ್ಕಾಂನಿಂದ ಕರೆಂಟ್ ಲೈನು ತರಬೇಕು. ಹದಿನೈದು ದಿನದಲ್ಲಿ ಇದು ಆಗದ ಮಾತು, ಮೇಲಾಗಿ ದೀಪಾವಳಿಯ ಸೀಸನ್ನು.

ಮೊದಲು ಉತ್ತರದ ನೋಟಿಸು ಕಳಿಸಿದೆವು. ಅಷ್ಟರಲ್ಲಿ ಮಾಲೀಕರು ಬಾಡಿಗೆ ತೆಗೆದುಕೊಳ್ಳುವುದನ್ನೇ ಬಿಟ್ಟರು. "ಬಾಡಿಗಿ ಬ್ಯಾಡ್ರಿ ಅಕ್ಕಾರ, ಶೆಡ್ಡು ಬಿಡ್ರಿ." ನೋಟಿಸಿನ ಅವಧಿ ಮುಗಿದ ಮೇಲೂ ಬಾಡಿಗೆ ಪಡೆದರೆ ನೋಟಿಸನ್ನು ಕೈಬಿಟ್ಟಂತೆ ಎಂದು ಬಾಡಿಗೆದಾರರು ವಾದಿಸಬಹುದು, ಅದಕ್ಕೇ ಈ ನಿರಾಕರಣೆ. ಅವರು ಒಲ್ಲೆ ಅಂದರೆಂದು ನಾವು ಸುಮ್ಮನಿದ್ದರೆ ನಾಳೆ ಬಾಕಿದಾರರು ನಾವೇ ಆಗುತ್ತೇವೆ. ಹಾಗಾಗಿ ಪ್ರತಿ ತಿಂಗಳು ಮನಿಯಾರ್ಡರ್ ಮಾಡಿದೆ. ತಿರುಗಿ ಬಂದ ಚೀಟಿಗಳನ್ನು ಫೈಲಿಗೆ ಹಾಕಿ, ಹಣವನ್ನು ಬ್ಯಾಂಕಿನಲ್ಲಿ ಬೇರೆ ಇಟ್ಟೆ.

ಒಂದು ಬೆಳಿಗ್ಗೆ ಮೀಟರಿನ ಫ್ಯೂಸು ಇರಲಿಲ್ಲ. ನನ್ನ ಯಜಮಾನರು ಜಗಳಕ್ಕೆ ಹೊರಟರು, ನಾನು ತಡೆದೆ. ಮೀಟರ್ ಬೋರ್ಡಿನ ಫೋಟೊ ತೆಗೆದು, ಕಟ್ಟಿದ ಲೈಟ್ ಬಿಲ್ಲಿನ ಜೊತೆ ವಕೀಲರಿಗೆ ಒಯ್ದು ಕೊಟ್ಟೆ. ಲೀಸು ಮುಗಿದಿದ್ದರೂ ಬಾಡಿಗೆದಾರರನ್ನು ಕೋರ್ಟಿನ ಆದೇಶವಿಲ್ಲದೆ ಹೊರಗೆ ಹಾಕುವಂತಿಲ್ಲ. ಹಾಕಿದರೆ 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಮಿನಡಿ ಆರು ತಿಂಗಳೊಳಗೆ ದಾವೆ ಹಾಕಿ ಸ್ವಾಧೀನ ಮರಳಿ ಪಡೆಯಬಹುದು. ವಕೀಲರು ಇದನ್ನು ಮಾಲೀಕರಿಗೆ ಬರೆದು ಕಳಿಸಿದ ಮೇಲೆ ಫ್ಯೂಸು ವಾಪಸ್ ಬಂತು.

ಆಮೇಲೆ ಪ್ರಾಧಿಕಾರದವರು ಇಬ್ಬರನ್ನೂ ಕರೆದು ಕೂಡಿಸಿದರು. ದಾವೆ ಹೂಡುವ ಮುಂಚೆಯೇ ಲೋಕ ಅದಾಲತ್ತಿನಲ್ಲಿ ರಾಜಿ ಆಗಬಹುದು, ಅದಕ್ಕೆ ಕೋರ್ಟ್ ಶುಲ್ಕವಿಲ್ಲ. ಮಾಲೀಕರಿಗೂ ಅವರದೇ ಕಷ್ಟವಿತ್ತು: ತಂಗಿಯ ಪಾಲು ಕೊಡಲು ಜಾಗ ಮಾರಬೇಕಿತ್ತು. ಅದನ್ನು ನೋಟಿಸಿನಲ್ಲಿ ಬರೆದಿರಲಿಲ್ಲ, ಎದುರು ಕೂತಾಗ ಹೇಳಿದರು. ದೀಪಾವಳಿ ಮುಗಿದು ಸಂಕ್ರಾಂತಿಯೊಳಗೆ ನಾವು ಬಿಡುವುದು, ಅಲ್ಲಿಯವರೆಗೆ ಹಳೆಯ ಬಾಡಿಗೆಯೇ, ತಡೆದಿಟ್ಟ ಬಾಡಿಗೆ ಒಟ್ಟಿಗೆ ಕೊಡುವುದು, ಬೋಲ್ಟಿನ ತೂತಿಗೆ ಸಿಮೆಂಟ್ ತುಂಬಿಸುವುದು ನಮ್ಮ ಖರ್ಚು, ಕೀಲಿ ಕೊಡುವ ದಿನವೇ ಡಿಪಾಜಿಟ್ ಪೂರ್ತಿ ವಾಪಸ್. ಈ ಕೊನೆಯ ಷರತ್ತಿಗೆ ನಾನು ಹಟ ಹಿಡಿದೆ. "ಆಮ್ಯಾಲ ಕೊಡ್ತೀನಿ" ಎಂದ ಡಿಪಾಜಿಟ್ಟಿಗೆ ಅಲೆದಾಡಿದ ಎಷ್ಟೋ ಮನೆಗಳನ್ನು ನಾನು ಕಂಡಿದ್ದೇನೆ. ಲೋಕ ಅದಾಲತ್ತಿನ ತೀರ್ಪು ಕೋರ್ಟಿನ ಡಿಕ್ರಿಗೆ ಸಮ, ಅದರ ಮೇಲೆ ಅಪೀಲಿಲ್ಲ. ಹೇಳಿದ ದಿನಕ್ಕೆ ನಾವು ಬಿಡದಿದ್ದರೆ ಅವರು ನೇರ ಜಾರಿಗೆ ಹಾಕಬಹುದಿತ್ತು. ಒಪ್ಪುವ ಮುಂಚೆ ಆ ತಾರೀಖು ನಮ್ಮಿಂದ ಆಗುತ್ತದೆಯೇ ಎಂದು ಮನೆಯಲ್ಲಿ ಕೂತು ಲೆಕ್ಕ ಹಾಕಿಯೇ ಸಹಿ ಮಾಡಿದೆ.

ಹೊಸ ಶೆಡ್ಡಿಗೆ ಮೂರು ವರ್ಷದ ಲೀಸು, ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ನೋಂದಣಿ. ಖಾಲಿ ಮಾಡಿಸಲು ಆರು ತಿಂಗಳ ನೋಟಿಸು ಎಂದು ಕಾಗದದಲ್ಲೇ ಬರೆಸಿದ್ದೇವೆ. ಹೆಸ್ಕಾಂ ಮೀಟರು ನನ್ನ ಹೆಸರಿಗೆ ಮಾಡಿಸಲು ಹೊಸ ಮಾಲೀಕರ ಒಪ್ಪಿಗೆ ಪತ್ರವನ್ನೂ ಅಂದೇ ಪಡೆದೆ. ನೋಂದಣಿಯ ಖರ್ಚಿಗೆ ಅವರು ಹಿಂಜರಿದರು. ಅರ್ಧ ನಾನು ಕೊಡುತ್ತೇನೆಂದ ಮೇಲೆ ಒಪ್ಪಿದರು.